ಮೇಕಿಂಗ್‌ನವಳು ಅನ್ನಿಸಿಕೊಳ್ಳುವ ಭಯ ಆಮೇಲೆ, ಫುಟೇಜ್ ಯಾರದು ಅನ್ನುವುದು ಮೊದಲು

ಪ್ರಶ್ನೆ: ನನಗೆ 28 ವರ್ಷ. ಸ್ವಂತ ದುಡ್ಡು ಹಾಕಿ, ಸ್ನೇಹಿತರನ್ನು ಕಟ್ಟಿಕೊಂಡು ಮೂರು ಕಿರುಚಿತ್ರ ಮಾಡಿದ್ದೇನೆ. ಮಾಡುತ್ತಾ ಹೋದಂತೆ ಒಂದು ವಿಷಯ ಗೊತ್ತಾಯಿತು: ಕಥೆ ಹೇಳುವುದಕ್ಕಿಂತ, ಸೆಟ್ಟಿನಲ್ಲಿ ಆ ಕಥೆ ಹೇಗೆ ತಯಾರಾಗುತ್ತದೆ ಅಂತ ನೋಡುವುದೇ ನನಗೆ ಹೆಚ್ಚು ಇಷ್ಟ. ಈಚೆಗೆ ಗೆಳೆಯರೊಬ್ಬರ ಚಿತ್ರಕ್ಕೆ ಮೇಕಿಂಗ್, ಅಂದರೆ ಸಿನಿಮಾ ತಯಾರಾಗುವುದನ್ನು ತೋರಿಸುವ ವಿಡಿಯೊ, ಮಾಡಿಕೊಟ್ಟೆ. ಆ ನಾಲ್ಕು ನಿಮಿಷದ ತುಣುಕನ್ನು ಜೊತೆಗೆ ಕಳಿಸಿದ್ದೇನೆ. ತೆರೆಮರೆಯ ಕೆಲಸವನ್ನೇ ಚಿತ್ರೀಕರಿಸುತ್ತಾ ಸ್ವತಂತ್ರ ನಿರ್ದೇಶಕಿಯಾಗಿ ಬದುಕಬಹುದೇ? ಒಮ್ಮೆ 'ಮೇಕಿಂಗ್‌ನವಳು' ಅಂತ ಹೆಸರು ಬಿದ್ದರೆ ಮುಂದೆ ಯಾರೂ ಸಿನಿಮಾ ಕೊಡುವುದಿಲ್ಲ ಎಂದು ಎಲ್ಲರೂ ಹೆದರಿಸುತ್ತಾರೆ. ಹಾಗೆಯೇ, ಯಾವ ಕ್ಯಾಮೆರಾ ಕೊಳ್ಳಲಿ?

ಉತ್ತರ: ಕೊನೆಯ ಪ್ರಶ್ನೆಯಿಂದಲೇ ಶುರು ಮಾಡುತ್ತೇನೆ, ಅದು ಬೇಗ ಮುಗಿಯುತ್ತದೆ. ಹೊಸ ಕ್ಯಾಮೆರಾ ಬೇಡ. ಈಗ ನಿಮ್ಮ ಹತ್ತಿರ ಇರುವುದು ಮಂದ ಬೆಳಕಿನಲ್ಲೂ ತಕ್ಕಮಟ್ಟಿಗೆ ಕೆಲಸ ಮಾಡುತ್ತದೆ, ಒಂದೇ ಕೈಯಲ್ಲಿ ಹಿಡಿದು ಓಡಾಡಬಹುದು. ಮೇಕಿಂಗ್‌ಗೆ ಅಷ್ಟು ಸಾಕು. ದುಡ್ಡಿದ್ದರೆ ಒಂದು ಒಳ್ಳೆಯ ಕಾಲರ್ ಮೈಕು, ಎದುರಿನ ಸದ್ದನ್ನೇ ಹೆಚ್ಚಾಗಿ ಹಿಡಿಯುವ ಒಂದು ಸಣ್ಣ ಶಾಟ್‌ಗನ್ ಮೈಕು ತೆಗೆದುಕೊಳ್ಳಿ, ಮಿಕ್ಕಿದ್ದನ್ನೆಲ್ಲ ಹಾರ್ಡ್ ಡಿಸ್ಕಿಗೆ ಸುರಿಯಿರಿ. ಚಿತ್ರ ಸ್ವಲ್ಪ ಅಲುಗಾಡಿದರೆ ನೋಡುವವರು ಸಹಿಸಿಕೊಳ್ಳುತ್ತಾರೆ, ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ.

ಇನ್ನು ಹಣೆಪಟ್ಟಿಯ ವಿಷಯ. ಪಟ್ಟಿ ಅಂಟುತ್ತದೆ, ಸುಳ್ಳು ಹೇಳುವುದಿಲ್ಲ. ಇಪ್ಪತ್ತು ವರ್ಷದಿಂದ ನನಗೂ ಅಂಟಿಕೊಂಡಿದೆ. ಆದರೆ ಅದು ಬಾಗಿಲು ಮುಚ್ಚುತ್ತದೆ ಅನ್ನುವವರಿಗೆ ನಾನು ಹೇಳುವ ಒಂದು ಕಥೆ ಇದೆ. 1990ರ ದಶಕದಲ್ಲಿ ಅಮೆರಿಕದ ಫಿಲಡೆಲ್ಫಿಯಾದಲ್ಲಿ ಕೀತ್ ಫುಲ್ಟನ್, ಲೂಯಿಸ್ ಪೆಪೆ ಎಂಬಿಬ್ಬರು ಸಿನಿಮಾ ವಿದ್ಯಾರ್ಥಿಗಳಿದ್ದರು. ನಿರ್ದೇಶಕ ಟೆರಿ ಗಿಲಿಯಮ್ ತಮ್ಮ '12 ಮಂಕೀಸ್' ಚಿತ್ರವನ್ನು ಅದೇ ಊರಿನಲ್ಲಿ ತೆಗೆದಾಗ ಅದರ ಮೇಕಿಂಗ್ ಇವರ ಪಾಲಿಗೆ ಬಂತು. ಗಿಲಿಯಮ್‌ಗೆ ಇವರ ಮೇಲೆ ನಂಬಿಕೆ ಹುಟ್ಟಿತು. 2000ದಲ್ಲಿ ಸ್ಪೇನಿನಲ್ಲಿ, ಹಳೆಯ ಸ್ಪ್ಯಾನಿಷ್ ಕಾದಂಬರಿಯ ನಾಯಕ ಡಾನ್ ಕಿಹೋಟೆಯ ಸಿನಿಮಾ ಶುರುವಾದಾಗ ಮತ್ತೆ ಇವರನ್ನೇ ಕರೆದರು. ಮಳೆ ಬಂದು ಲೊಕೇಶನ್ ಕೊಚ್ಚಿಹೋಯಿತು, ಮುಖ್ಯ ನಟ ಬೆನ್ನುನೋವಿನಿಂದ ಕುದುರೆ ಹತ್ತಲಾರದಂತಾದರು, ಕೆಲವೇ ದಿನಗಳಲ್ಲಿ ಸಿನಿಮಾ ನಿಂತೇಹೋಯಿತು. ಸಿನಿಮಾ ಇಲ್ಲ, ಮೇಕಿಂಗ್ ಮಾತ್ರ ಇದೆ! ಆ ಫುಟೇಜ್, ಅಂದರೆ ತೆಗೆದಿಟ್ಟ ದೃಶ್ಯಗಳು, 2002ರಲ್ಲಿ 'ಲಾಸ್ಟ್ ಇನ್ ಲಾ ಮಾಂಚಾ' ಎಂಬ ಸ್ವತಂತ್ರ ಸಾಕ್ಷ್ಯಚಿತ್ರವಾಗಿ ಥಿಯೇಟರಿಗೆ ಬಂತು. ಗಿಲಿಯಮ್ ಸಿನಿಮಾ ಕೊನೆಗೂ ಮುಗಿದು ಹೊರಬಂದದ್ದು 2018ರಲ್ಲಿ.

ಕಥೆಯ ಮುಂದಿನ ಭಾಗವನ್ನು ಯಾರೂ ಹೇಳುವುದಿಲ್ಲ, ನಿಮಗೆ ಬೇಕಾದದ್ದು ಅದೇ. 2005ರಲ್ಲಿ ಇದೇ ಇಬ್ಬರು 'ಬ್ರದರ್ಸ್ ಆಫ್ ದ ಹೆಡ್' ಎಂಬ ಕಥಾಚಿತ್ರ ನಿರ್ದೇಶಿಸಿದರು. ಅದಕ್ಕೆ ಚಿತ್ರಕಥೆ ಬರೆದವರು ಟೋನಿ ಗ್ರಿಸೋನಿ, ಗಿಲಿಯಮ್ ಜೊತೆ ಆ ಕಿಹೋಟೆ ಸಿನಿಮಾ ಬರೆದವರು. ಅಂದರೆ ಮೇಕಿಂಗ್‌ಗೆ ಅಂತ ಹೋದ ಸೆಟ್ಟಿನಿಂದಲೇ ಮುಂದಿನ ಚಿತ್ರದ ಒಡನಾಟ ಬಂದಿತ್ತು. ಬೇರೆ ಯಾವ ವಿಭಾಗದವರಿಗೂ ಈ ಅನುಕೂಲ ಇಲ್ಲ. ಸಹಾಯಕ ಸಂಕಲನಕಾರ ಸಂಕಲನಕಾರರನ್ನು ಬಲ್ಲ, ಲೈಟ್‌ನವರು ಛಾಯಾಗ್ರಾಹಕರನ್ನು ಬಲ್ಲರು. ಬರಹಗಾರರಿಂದ ಹಿಡಿದು ಬಡಗಿಯವರೆಗೆ ಎಲ್ಲರ ಪಕ್ಕದಲ್ಲೂ ಒಂದೊಂದು ದಿನ ನಿಂತಿರುವುದು ಮೇಕಿಂಗ್‌ನವರು ಮಾತ್ರ.

ನನಗಿರುವ ಚಿಂತೆ ಬೇರೆ. ನೀವು ಅಷ್ಟುದ್ದ ಪತ್ರ ಬರೆದಿದ್ದೀರಿ, ಕ್ಯಾಮೆರಾ ಕೇಳಿದ್ದೀರಿ, ಹೆಸರು ಕೆಡುವ ಬಗ್ಗೆ ಕೇಳಿದ್ದೀರಿ. ತೆಗೆದ ಫುಟೇಜ್ ಯಾರದು ಅಂತ ಕೇಳಿಲ್ಲ. ಗೆಳೆಯರ ಚಿತ್ರಕ್ಕೆ ಮಾಡಿಕೊಟ್ಟಾಗ ಒಂದು ಸಾಲಾದರೂ ಬರೆದುಕೊಂಡಿರಾ? ಇಲ್ಲ ಅಂದುಕೊಳ್ಳುತ್ತೇನೆ.

ಮೇಕಿಂಗ್‌ಗೆ ಹೋದವರು ಒಂದೇ ಸಲಕ್ಕೆ ಎರಡು ಚಿತ್ರ ತೆಗೆಯುತ್ತಿರುತ್ತಾರೆ. ಮೊದಲನೆಯದು ನಿರ್ಮಾಪಕರು ದುಡ್ಡು ಕೊಟ್ಟು ಮಾಡಿಸಿಕೊಳ್ಳುವುದು: ಬಿಡುಗಡೆಗೆ ಮುಂಚೆ ಹರಿಯಬಿಡುವ ಅರ್ಧ, ಒಂದು ನಿಮಿಷದ ತುಣುಕುಗಳು, ಕಲಾವಿದರ ಚುಟುಕು ಮಾತಿನ ಬೈಟ್‌ಗಳು, ಮಾಧ್ಯಮದವರಿಗೆ ಹಂಚುವ ಪ್ರೆಸ್ ಕಿಟ್. ಅಲ್ಲಿ ಎಲ್ಲರೂ ನಗುತ್ತಿರುತ್ತಾರೆ, ಎಲ್ಲರೂ 'ಒಂದು ಕುಟುಂಬದ ಹಾಗೆ' ಇರುತ್ತಾರೆ. ಮನೆ ಬಾಡಿಗೆ ಕಟ್ಟುವುದು ಈ ಚಿತ್ರ, ಅದರ ಬಗ್ಗೆ ಮೂಗು ಮುರಿಯಬೇಡಿ. ಎರಡನೆಯದು, ಕೆಲಸ ನಿಜಕ್ಕೂ ಹೇಗೆ ನಡೆಯಿತು ಅನ್ನುವ ಚಿತ್ರ. ಅದನ್ನು ಯಾರೂ ಕೇಳಿರುವುದಿಲ್ಲ, ಅದಕ್ಕೆ ಯಾರೂ ದುಡ್ಡೂ ಕೊಡುವುದಿಲ್ಲ. ನಿಮ್ಮನ್ನು ನಿರ್ದೇಶಕಿ ಮಾಡುವುದು ಅದು.

'ಅಪೋಕ್ಯಾಲಿಪ್ಸ್ ನೌ' ಚಿತ್ರೀಕರಣ 1976ರಲ್ಲಿ ಫಿಲಿಪ್ಪೀನ್ಸ್‌ನಲ್ಲಿ ಶುರುವಾದಾಗ ನಿರ್ದೇಶಕ ಕೊಪೊಲಾರ ಹೆಂಡತಿ ಎಲಿನರ್ ಕೊಪೊಲಾ ಕ್ಯಾಮೆರಾ ಹಿಡಿದದ್ದು ಪ್ರಚಾರದ ಉದ್ದೇಶಕ್ಕೆ. ಚಂಡಮಾರುತ ಸೆಟ್ಟುಗಳನ್ನು ಕೆಡವಿತು, ನಾಯಕ ನಟ ಮಾರ್ಟಿನ್ ಶೀನ್‌ಗೆ ಹೃದಯಾಘಾತವಾಯಿತು, ಚಿತ್ರೀಕರಣ 1977ರವರೆಗೂ ಎಳೆಯಿತು. ಆಕೆ ತೆಗೆಯುತ್ತಲೇ ಹೋದರು. ಆ ರೀಲುಗಳು ವರ್ಷಗಟ್ಟಲೆ ಸುಮ್ಮನೆ ಬಿದ್ದಿದ್ದವು. ಬೇರೆ ಇಬ್ಬರು ನಿರ್ದೇಶಕರು ಅವುಗಳ ಮೇಲೆ ಕೂತು ಕಟ್ಟಿದ ಸಾಕ್ಷ್ಯಚಿತ್ರ 'ಹಾರ್ಟ್ಸ್ ಆಫ್ ಡಾರ್ಕ್‌ನೆಸ್' ಬಂದದ್ದು 1991ರಲ್ಲಿ. ಹಾಗೆ ವರ್ಷಗಳ ನಂತರವೂ ಫುಟೇಜ್ ಕೈಗೆ ಸಿಕ್ಕಿತಲ್ಲ, ಅದು ಮನೆಯವರದೇ ಸಿನಿಮಾ ಆಗಿದ್ದರಿಂದ. ನಿಮಗೂ ನನಗೂ ಆ ಸೌಭಾಗ್ಯ ಇಲ್ಲ.

ನನ್ನದೇ ಕೇಳಿ. ಕೆಲಸಕ್ಕೆ ಇಳಿದ ಎರಡನೇ ವರ್ಷ ಒಂದು ಸಿನಿಮಾಕ್ಕೆ 41 ದಿನ ಮೇಕಿಂಗ್ ಮಾಡಿದೆ. ಒಪ್ಪಂದದಲ್ಲಿ 'ಚಿತ್ರೀಕರಿಸಿದ ಸಮಸ್ತವೂ ಸಂಸ್ಥೆಯ ಸ್ವತ್ತು' ಎಂಬ ಸಾಲಿತ್ತು, ಓದದೆ ಸಹಿ ಹಾಕಿದ್ದೆ. ಸಿನಿಮಾ ಸೋತಿತು. ನನ್ನ ಡಿಸ್ಕುಗಳನ್ನು ಪೆಟ್ಟಿಗೆ ಸಮೇತ ತೆಗೆದುಕೊಂಡು ಹೋದರು. ಆ ಪೆಟ್ಟಿಗೆ ಎಲ್ಲಿದೆ ಅಂತ ಈಗ ಅವರಿಗೂ ಗೊತ್ತಿಲ್ಲ. ಅವರದು ಮೋಸ ಅಲ್ಲ, ಕಾಗದದಲ್ಲಿ ಇದ್ದ ಹಾಗೇ ನಡೆದುಕೊಂಡರು.

ಹಾಗಾಗಿ ಸೆಟ್ಟಿಗೆ ಕಾಲಿಡುವ ಮುಂಚೆ ಕೂತು ಮಾತಾಡಬೇಕಾದದ್ದು ಇದು. ಫುಟೇಜಿನ ಹಕ್ಕು ಸಾಮಾನ್ಯವಾಗಿ ನಿರ್ಮಾಪಕರ ಕಡೆಗೇ ಹೋಗುತ್ತದೆ. ಅದನ್ನು ಪೂರ್ತಿ ಕಿತ್ತುಕೊಳ್ಳಲು ಹೊಸಬರಿಗೆ ಆಗುವುದಿಲ್ಲ, ಜಗಳ ಬೇಡ. ಆದರೆ ಕೆಲವು ಸಂಗತಿ ಕೇಳಿದರೆ ಕೊಡುತ್ತಾರೆ. ಸಿನಿಮಾ ಬಿಡುಗಡೆಯಾದ ಮೇಲೆ ಇಷ್ಟು ನಿಮಿಷದ ತುಣುಕನ್ನು ನಿಮ್ಮ ಕೆಲಸದ ಮಾದರಿ ತೋರಿಸುವ ಶೋರೀಲ್‌ನಲ್ಲಿ ಬಳಸಲು ಅನುಮತಿ. ನೀವು ಕಟ್ಟುವ ದೊಡ್ಡ ಮೇಕಿಂಗ್ ಚಿತ್ರಕ್ಕೆ 'ನಿರ್ದೇಶನ' ಎಂದೇ ನಿಮ್ಮ ಹೆಸರು, 'ಮೇಕಿಂಗ್ ವಿಡಿಯೊ' ಅಂತ ಗುಂಪಿನಲ್ಲಿ ಅಲ್ಲ. ಆ ಚಿತ್ರವನ್ನು ಚಿತ್ರೋತ್ಸವಗಳಿಗೆ ಕಳಿಸುವ ಹಕ್ಕು. ಒಂದು ಪ್ರತಿ ನಿಮ್ಮ ಬಳಿ ಇಟ್ಟುಕೊಳ್ಳಲು ಒಪ್ಪಿಗೆ. ಸಿನಿಮಾ ಅರ್ಧಕ್ಕೆ ನಿಂತರೆ ಆವರೆಗಿನ ಸಂಭಾವನೆ, ಮತ್ತು ಎರಡು ವರ್ಷದಲ್ಲಿ ಅವರು ಏನೂ ಮಾಡದಿದ್ದರೆ ಫುಟೇಜನ್ನು ಸಾಕ್ಷ್ಯಚಿತ್ರಕ್ಕೆ ಬಳಸುವ ಬಗ್ಗೆ ಮತ್ತೆ ಮಾತುಕತೆಗೆ ಕೂರುವ ಷರತ್ತು. ಈ ಕೊನೆಯದನ್ನು ಕೇಳಿದರೆ ಕೆಲವರು ನಕ್ಕುಬಿಡುತ್ತಾರೆ. ನಗಲಿ, ನಗುತ್ತಾ ಸಹಿ ಹಾಕಿದವರೂ ಇದ್ದಾರೆ.

ದುಡ್ಡಿನ ಮಾತನ್ನೂ ಇಲ್ಲೇ ಮುಗಿಸೋಣ. ಚಿತ್ರೀಕರಣದ ದಿನಗೂಲಿ ಬೇರೆ, ಎಡಿಟಿಂಗ್ ಬೇರೆ, ನಿಮ್ಮ ಸಲಕರಣೆಯ ಬಾಡಿಗೆ ಬೇರೆ. ಮೂರನ್ನೂ ಒಂದೇ ಮೊತ್ತದಲ್ಲಿ ಸೇರಿಸಿ ಹೇಳಿದರೆ ಮುಳುಗುವುದು ಎಡಿಟಿಂಗ್ ಕೂಲಿ. ಎಷ್ಟು ಸಲ ತಿದ್ದುಪಡಿ ಅನ್ನುವುದನ್ನು ಬರೆಯಿರಿ, ಎರಡು ಸುತ್ತಿಗೆ ನಿಲ್ಲಿಸಿ. ಡಿಸ್ಕಿನ ಖರ್ಚು ಯಾರದು ಅಂತಲೂ ಬರೆಯಿರಿ. ಲೆಕ್ಕ ಹಾಕಿ: ಸೆಕೆಂಡಿಗೆ 100 ಮೆಗಾಬಿಟ್‌ನಲ್ಲಿ ತೆಗೆದರೆ ಗಂಟೆಗೆ 45 ಜಿಬಿ. 30 ದಿನದ ಚಿತ್ರೀಕರಣ, ದಿನಕ್ಕೆ ಎರಡು ಗಂಟೆ ಅಂದರೆ 60 ಗಂಟೆ, 2.7 ಟಿಬಿ. ಮೂರು ಪ್ರತಿ ಇಡಬೇಕು, ಅದರಲ್ಲಿ ಒಂದು ಬೇರೆ ಜಾಗದಲ್ಲಿರಬೇಕು. ಅಲ್ಲಿಗೆ 8 ಟಿಬಿ ದಾಟಿತು. ಸೆಟ್ಟಿನಲ್ಲಿ ಕಾರ್ಡು ಖಾಲಿ ಮಾಡುವ ಮುಂಚೆ ನಕಲು ಸರಿ ಬಂದಿದೆಯೇ ಅಂತ ಚೆಕ್‌ಸಮ್ (ಮೂಲ, ನಕಲು ಒಂದೇ ಎಂದು ತೋರಿಸುವ ಸಂಖ್ಯೆ) ನೋಡುವ ತಂತ್ರಾಂಶ ಬಳಸಿ. ಕೈಯಿಂದ ಎಳೆದು ಹಾಕಿ 'ಬಂತು' ಅಂದುಕೊಳ್ಳಬೇಡಿ.

ಸೆಟ್ಟಿನಲ್ಲಿ ಹೇಗಿರಬೇಕು? ಇದರ ಬಗ್ಗೆ ಉದ್ದಕ್ಕೆ ಬರೆಯುತ್ತೇನೆ, ಎಷ್ಟೋ ಪ್ರತಿಭಾವಂತರು ಕೆಲಸ ಕಳೆದುಕೊಳ್ಳುವುದು ಇಲ್ಲೇ.

ನನ್ನ ಮೊದಲ ದೊಡ್ಡ ಸೆಟ್ಟಿನ ಮೂರನೇ ದಿನ. ನಟಿ ಅಳುವ ದೃಶ್ಯ, ಐದನೇ ಟೇಕು, ಅದುವರೆಗಿನ ಎಲ್ಲಕ್ಕಿಂತ ಚೆನ್ನಾಗಿ ಹೋಗುತ್ತಿತ್ತು. ನನ್ನ ಕ್ಯಾಮೆರಾ ಫೋಕಸ್ ಸಿಕ್ಕಿದ ಖುಷಿಗೆ 'ಪೀ ಪೀ' ಅಂದಿತು. ಯಾರೂ ಬೈಯಲಿಲ್ಲ. ಧ್ವನಿಮುದ್ರಕರು ಹೆಡ್‌ಫೋನ್ ತೆಗೆದು ಮಡಿಲಲ್ಲಿಟ್ಟುಕೊಂಡು ನನ್ನ ಕಡೆ ನೋಡಿದರು, ಅಷ್ಟೇ. ಅವತ್ತು ರಾತ್ರಿಯೇ ಕ್ಯಾಮೆರಾದ ಎಲ್ಲ ಸದ್ದೂ ಬಂದ್, ಕೆಂಪು ದೀಪದ ಮೇಲೆ ಕಪ್ಪು ಟೇಪು, ಫೋಕಸ್ಸಿಗೆ ಬಿಡುವ ಕಿತ್ತಳೆ ಬೆಳಕೂ ಬಂದ್. ಈಗಲೂ ಹೊಸ ಕ್ಯಾಮೆರಾ ಬಂದರೆ ಮೊದಲು ಮಾಡುವ ಕೆಲಸ ಅದು. ಬಟ್ಟೆ ಕಪ್ಪು ಅಥವಾ ಗಾಢ ಬೂದು, ಬಿಳಿ ಅಂಗಿ ಹಾಕಿಕೊಂಡು ಹೋದರೆ ನೀವೇ ಬೆಳಕು ತಿರುಗಿಸುವ ಒಂದು ರಿಫ್ಲೆಕ್ಟರ್ ಆಗುತ್ತೀರಿ. ಮೆತ್ತಗಿನ ಅಡಿಯ ಬೂಟು. ಜೇಬಿನಲ್ಲಿ ಬೀಗದ ಕೈ ಬೇಡ.

ನಟರ ದೃಷ್ಟಿ ಯಾವ ಕಡೆ ಹೋಗುತ್ತದೋ ಆ ಸಾಲಿನಲ್ಲಿ ಎಂದೂ ನಿಲ್ಲಬೇಡಿ. ರಿಹರ್ಸಲ್ ನಡೆಯುವಾಗಲೇ ನೋಡಿಟ್ಟುಕೊಂಡು, ಮುಖ್ಯ ಕ್ಯಾಮೆರಾದ ಹಿಂದೆ, ಫೋಕಸ್ ಹೊಂದಿಸುವ ಸಹಾಯಕರಿಗೆ (ಫೋಕಸ್ ಪುಲ್ಲರ್) ತಾಗದಷ್ಟು ದೂರದಲ್ಲಿ ಜಾಗ ಹಿಡಿಯಿರಿ. 'ರೋಲ್' ಅಂದ ಮೇಲೆ ಹೆಜ್ಜೆ ಕೀಳಬಾರದು. ಖಾಸಗಿ ದೃಶ್ಯವಿದ್ದು ಸೆಟ್ ಮುಚ್ಚಿದ ದಿನ, ನಿಮ್ಮನ್ನು ಹೊರಗೆ ಹೋಗಿ ಅನ್ನಲು ಮರೆತರೂ ನೀವೇ ಹೋಗಿ. ಸಾಹಸ ದೃಶ್ಯ ಇದ್ದರೆ ಬೆಳಗಿನ ಸುರಕ್ಷತಾ ಸೂಚನೆಗೆ ಹಾಜರಿರಿ, ಅವರು ತೋರಿಸಿದ ಗೆರೆ ದಾಟಬೇಡಿ. ಎಷ್ಟೇ ಒಳ್ಳೆಯ ಕೋನ ಇರಲಿ.

ಸೆಟ್ಟಿಗೆ ಹೋದ ಕೂಡಲೇ ಮೊದಲು ಪರಿಚಯ ಮಾಡಿಕೊಳ್ಳಬೇಕಾದವರು ಮೊದಲ ಸಹಾಯಕ ನಿರ್ದೇಶಕರು ಮತ್ತು ಧ್ವನಿಮುದ್ರಕರು. ನಾಯಕನಟರನ್ನು ಆಮೇಲೆ ಮಾತಾಡಿಸಿದರೆ ಆಯಿತು. ಎಲ್ಲಿ ನಿಲ್ಲಬಹುದು, ಯಾವಾಗ ಮಾತಾಡಬಹುದು ಅನ್ನುವುದು ಮೊದಲನೆಯವರ ಕೈಯಲ್ಲಿದೆ. ಎರಡನೆಯವರು ಒಪ್ಪಿದರೆ ಸೆಟ್ಟಿನ ಸ್ವಚ್ಛ ಧ್ವನಿಯ ಒಂದು ಎಳೆ ನಿಮ್ಮ ಕ್ಯಾಮೆರಾಕ್ಕೆ ಬರುತ್ತದೆ, ಚಿತ್ರ, ಧ್ವನಿ ಎರಡನ್ನೂ ಕೂಡಿಸಲು ಬೇಕಾದ ಸಮಯದ ಗುರುತು, ಅಂದರೆ ಟೈಮ್‌ಕೋಡ್ ಕೂಡ ಹೊಂದಿಸಿಕೊಡುತ್ತಾರೆ. ಆಮೇಲೆ ಎಡಿಟಿಂಗ್‌ನಲ್ಲಿ ಯಾವ ಟೇಕಿಗೆ ಯಾವ ಮಾತು ಅಂತ ಹುಡುಕುವ ವಾರಗಳು ಉಳಿಯುತ್ತವೆ. ನಿರ್ದೇಶಕರಿಗೆ ಕಾಲರ್ ಮೈಕು ಹಾಕುವುದಾದರೆ ಅದನ್ನು ಆರಿಸುವ ಗುಂಡಿ ತೋರಿಸಿಕೊಡಿ, ಆರಿಸಲು ಮರೆತು ಆಡಿದ ಮಾತನ್ನು ಅಳಿಸಿಬಿಡಿ. ಎಲಿನರ್ ಕೊಪೊಲಾ ಗಂಡನ ಜೊತೆಗಿನ ಖಾಸಗಿ ಮಾತುಗಳನ್ನೂ ಮುದ್ರಿಸಿಟ್ಟಿದ್ದರು, ಅದರಿಂದ ಆ ಸಾಕ್ಷ್ಯಚಿತ್ರಕ್ಕೆ ಬಂದ ಕಸುವು ದೊಡ್ಡದು. ನಾನು, ನೀವು ಹಾಗೆ ಮಾಡಿದರೆ ಮರುದಿನ ಗೇಟಿನ ಹೊರಗೆ ಇರುತ್ತೇವೆ, ಇರಬೇಕಾದದ್ದೂ ಅಲ್ಲೇ.

ಇಷ್ಟೆಲ್ಲ ಮಾಡಿದ ಮೇಲೆ ಏನನ್ನು ತೆಗೆಯಬೇಕು? ಕೈಗಳನ್ನು ತೆಗೆಯಿರಿ, ಕಾಯುವುದನ್ನು ತೆಗೆಯಿರಿ. ಒಂದು ಚಿತ್ರದಲ್ಲಿ ಆರು ನಿಮಿಷದ ಒಂದೇ ಶಾಟ್ ಇತ್ತು, ಹಳೆಯ ಮನೆಯೊಂದರ ಮರದ ನೆಲದ ಮೇಲೆ. ಬೂಮ್ ಹಿಡಿದವರು ಬೂಟು ಬಿಚ್ಚಿ ಎರಡು ಜೊತೆ ಉಣ್ಣೆಯ ಕಾಲುಚೀಲ ಹಾಕಿಕೊಂಡಿದ್ದರು. ಯಾವ ಹಲಗೆ ಕಿರುಗುಟ್ಟುತ್ತದೆ ಅಂತ ರಿಹರ್ಸಲ್‌ನಲ್ಲೇ ತುಳಿದು ನೋಡಿ ಸೀಮೆಸುಣ್ಣದಲ್ಲಿ ಕಾಟು ಹಾಕಿದ್ದರು. ಎರಡೂ ತೋಳು ತಲೆಯ ಮೇಲೆ, ಉದ್ದನೆಯ ಕೋಲು, ತುದಿಯಲ್ಲಿ ಮೈಕು. ಕಲಾವಿದರು ಮೂರು ಕೋಣೆ ದಾಟುವಾಗ ಇವರು ಹಿಮ್ಮುಖವಾಗಿ, ಕಾಟು ತಪ್ಪಿಸುತ್ತಾ, ತುದಿಗಾಲಲ್ಲಿ ಹೋಗುತ್ತಿದ್ದರು. ನಾನು ಆರು ನಿಮಿಷವೂ ಅವರ ಪಾದಗಳನ್ನೇ ತೆಗೆದೆ. ನಾಲ್ಕನೇ ನಿಮಿಷದಲ್ಲಿ ಎಡಗಾಲಿನ ಬೆರಳುಗಳು ನಡುಗಲು ಶುರುವಾದದ್ದು ಕಾಣುತ್ತದೆ. 'ಕಟ್' ಅಂದಾಗ ಆ ಪಾದ ಮೆಲ್ಲಗೆ ನೆಲಕ್ಕೆ ಊರುತ್ತದೆ. ಪ್ರಚಾರದವರಿಗೆ ಇದು ಬೇಡವಾಗಿತ್ತು. ನನಗೆ ಮುಂದಿನ ಎರಡು ಕೆಲಸ ತಂದುಕೊಟ್ಟದ್ದು ಅದೇ ಶಾಟು, ಎರಡನ್ನೂ ಕೊಡಿಸಿದವರು ಆ ವಿಭಾಗದ ಜನ.

ಸಂದರ್ಶನ ಮಾಡುವಾಗ 'ಅನುಭವ ಹೇಗಿತ್ತು' ಅಂತ ಕೇಳಬೇಡಿ, 'ತುಂಬಾ ಚೆನ್ನಾಗಿತ್ತು' ಅಂತಲೇ ಉತ್ತರ ಬರುತ್ತದೆ. 'ಇವತ್ತು ಏನು ಕೈಕೊಟ್ಟಿತು' ಅಂತ ಕೇಳಿ. ಕುರ್ಚಿಯಲ್ಲಿ ಕೂರಿಸಿ ಹಿಂದೆ ಪೋಸ್ಟರ್ ಇಡುವ ಬದಲು, ಅವರು ತಮ್ಮ ಸಾಮಾನು ಒರೆಸುತ್ತಲೋ ಮಡಿಸುತ್ತಲೋ ಇರುವಾಗ ಕೇಳಿ. ಕೈಗೆ ಕೆಲಸ ಇದ್ದರೆ ಬಾಯಿ ಸಲೀಸಾಗಿ ಬಿಡುತ್ತದೆ.

ಫ್ರಾನ್ಸಿನ ಕ್ರಿಸ್ ಮಾರ್ಕರ್, ಜಪಾನಿನ ನಿರ್ದೇಶಕ ಕುರೊಸಾವಾರ 'ರಾನ್' ಚಿತ್ರದ ಸೆಟ್ಟಿಗೆ ಹೋಗಿ ಮಾಡಿದ, 1985ರಲ್ಲಿ ಬಂದ 'ಎ.ಕೆ.' ಚಿತ್ರವನ್ನು ಹುಡುಕಿ ನೋಡಿ. ಮಳೆ, ಮಂಜು, ಕುದುರೆ, ತಾಳ್ಮೆ ಎಂದು ಭಾಗ ಮಾಡಿಕೊಂಡು ಹೋಗುತ್ತಾರೆ. ದೊಡ್ಡ ನಿರ್ದೇಶಕರನ್ನು ನೋಡಲು ಹೋದವರು ಮಂಜು ಇಳಿಯುವುದನ್ನು ಕಾಯುವ ಜನರನ್ನು ನೋಡಿಕೊಂಡು ಬಂದಿದ್ದಾರೆ. ಹಾಗೆಯೇ ಲೆಸ್ ಬ್ಲಾಂಕ್ 1982ರಲ್ಲಿ ಮುಗಿಸಿದ 'ಬರ್ಡನ್ ಆಫ್ ಡ್ರೀಮ್ಸ್', ಜರ್ಮನಿಯ ನಿರ್ದೇಶಕ ಹೆರ್ಜೋಗ್ ಪೆರುವಿನ ಕಾಡಿನಲ್ಲಿ 'ಫಿಟ್ಸ್‌ಕರಾಲ್ಡೊ' ತೆಗೆದ ಕಥೆ. ಆ ಸಿನಿಮಾದಲ್ಲಿ ಮೊದಲು ಜೇಸನ್ ರೋಬಾರ್ಡ್ಸ್ ಮತ್ತು ಮಿಕ್ ಜ್ಯಾಗರ್ ನಟಿಸುತ್ತಿದ್ದರು. ರೋಬಾರ್ಡ್ಸ್ ಕಾಯಿಲೆ ಬಿದ್ದರು, ಜ್ಯಾಗರ್ ಬಿಟ್ಟುಹೋದರು, ಇಡೀ ಚಿತ್ರವನ್ನು ಬೇರೆ ನಾಯಕನಿಟ್ಟು ಮತ್ತೆ ತೆಗೆಯಬೇಕಾಯಿತು. ಸಿನಿಮಾದಲ್ಲಿ ಇಲ್ಲದ ಆ ಇಬ್ಬರನ್ನು ನಾವು ಈಗ ನೋಡುವುದು ಬ್ಲಾಂಕ್ ಚಿತ್ರದಲ್ಲಿ. ಬ್ಲಾಂಕ್ ಅಷ್ಟರಲ್ಲಾಗಲೇ ಜಾನಪದ ಸಂಗೀತಗಾರರ ಮೇಲೆ ತಮ್ಮದೇ ಸಾಕ್ಷ್ಯಚಿತ್ರಗಳನ್ನು ಮಾಡಿ ಹೆಸರಾದವರು, ಆಮೇಲೂ ಅದೇ ಕೆಲಸ ಮುಂದುವರಿಸಿದರು. ಅವರನ್ನು ಯಾರೂ 'ಮೇಕಿಂಗ್‌ನವರು' ಅನ್ನಲಿಲ್ಲ.

ನಿಮ್ಮ ಭಯಕ್ಕೆ ನಾನು ಕೊಡುವ ಮದ್ದೂ ಅದೇ ಜಾಡಿನದು. ತೆರೆಮರೆ ಅಂದರೆ ಸಿನಿಮಾ ಸೆಟ್ಟು ಒಂದೇ ಅಲ್ಲ. ಹೆಜ್ಜೆ ಸದ್ದಿಗೆ ಹತ್ತಾರು ಜೊತೆ ಹಳೇ ಚಪ್ಪಲಿ ಇಟ್ಟುಕೊಂಡ, ಸಿನಿಮಾಕ್ಕೆ ಸದ್ದು ಮಾಡಿಕೊಡುವ ಫೋಲಿ ಕಲಾವಿದರ ಕೋಣೆ, ನಾಟಕದ ತಾಲೀಮು, ನೃತ್ಯ ತಂಡದ ವೇಷಭೂಷಣದವರ ಹೊಲಿಗೆ ಯಂತ್ರ, ವಾದ್ಯ ರಿಪೇರಿಯವರ ಮೇಜು. ಇಲ್ಲೆಲ್ಲ ಹೋಗಲು ದೊಡ್ಡ ಸಂಸ್ಥೆಯ ಅನುಮತಿ ಬೇಡ, ಆ ಒಬ್ಬ ವ್ಯಕ್ತಿಯ ಒಪ್ಪಿಗೆ ಸಾಕು, ಅದೂ ಬರವಣಿಗೆಯಲ್ಲಿ. ಫುಟೇಜ್ ಪೂರ್ತಿ ನಿಮ್ಮದು. ವರ್ಷಕ್ಕೆ ಇಂಥದ್ದೊಂದು ಹತ್ತು ಹದಿನೈದು ನಿಮಿಷದ ಚಿತ್ರ ಮಾಡಿ ಉತ್ಸವಗಳಿಗೆ ಕಳಿಸಿ. ಮೂರು ವರ್ಷದಲ್ಲಿ ನಿಮ್ಮನ್ನು ಕರೆಯುವ ನಿರ್ಮಾಪಕರ ಬಗೆಯೇ ಬದಲಾಗುತ್ತದೆ. ಪ್ರಚಾರದ ತುಣುಕು ಬೇಕಾದವರು ಬೇರೆಯವರ ಹತ್ತಿರ ಹೋಗುತ್ತಾರೆ, ತಮ್ಮ ಕೆಲಸದ ದಾಖಲೆ ಬೇಕಾದವರು ನಿಮ್ಮ ಹತ್ತಿರ ಬರುತ್ತಾರೆ. ಎರಡನೆಯವರ ಸಂಖ್ಯೆ ಕಡಿಮೆಯೇ. ಡಿವಿಡಿ ಕಾಲದಲ್ಲಿ ಡಿಸ್ಕಿನ ಜೊತೆ ಗಂಟೆಗಟ್ಟಲೆ ಮೇಕಿಂಗ್ ಕೊಡುವ ಪದ್ಧತಿ ಇತ್ತು, ಈಗ ಬೇಡಿಕೆ ಫೋನಿನಲ್ಲಿ ನಿಲುವಾಗಿ ನೋಡುವ ಚೂರುಗಳಿಗೆ. ಅದಕ್ಕೇ ಮೊದಲ ಕೆಲ ವರ್ಷ ಎರಡೂ ಕಾಲನ್ನು ಇದರ ಮೇಲೆ ಊರಬೇಡಿ. ಎಡಿಟಿಂಗ್ ಬರುತ್ತದೆ ಅಂತ ನಿಮ್ಮ ತುಣುಕೇ ಹೇಳುತ್ತದೆ, ಅದರಿಂದ ಬದುಕು ನಡೆಯಲಿ.

ಆ ತುಣುಕಿನ ಬಗ್ಗೆಯೂ ಒಂದು ಮಾತು. 2 ನಿಮಿಷ 10ನೇ ಸೆಕೆಂಡಿನಲ್ಲಿ ರಿಫ್ಲೆಕ್ಟರ್ ಹಿಡಿದ ಹುಡುಗನೊಬ್ಬ ಬರುತ್ತಾನೆ. ಮೋಡ ಸರಿದು ಬಿಸಿಲು ಬದಲಾದ ಹಾಗೆಲ್ಲ ಬೆಳಕು ನಟಿಯ ಕೆನ್ನೆ ಬಿಟ್ಟು ಹೋಗದಂತೆ ಹಲಗೆಯನ್ನು ಕೂದಲೆಳೆಯಷ್ಟು ತಿರುಗಿಸುತ್ತಿದ್ದಾನೆ, ಕಣ್ಣು ಆಕೆಯ ಮುಖದ ಮೇಲೇ ಇದೆ. ನೀವು ಮೂರು ಸೆಕೆಂಡು ತೋರಿಸಿ ನಿರ್ದೇಶಕರ ಮಾತಿಗೆ ಹಾರಿಬಿಟ್ಟಿದ್ದೀರಿ. ಆ ಶಾಟ್ ಪೂರ್ತಿ ಎಷ್ಟು ಉದ್ದ ಇದೆ? ಕತ್ತರಿಸದೆ ಅದೊಂದನ್ನೇ ಕಳಿಸಿ.